ಹಳಿಯ ಬದಿಯಲ್ಲಿ ಕಳೆದುಹೋದ ಟಿಕೆಟ್ಟು

ವಿರಾಜಪೇಟೆಯಿಂದ ಗೋಣಿಕೊಪ್ಪದ ದಾರಿ ಹಿಡಿದ ಬಸ್ಸು ಸ್ವಲ್ಪ ಹೊತ್ತಿನಲ್ಲೇ ಬಿಟ್ಟಂಗಾಲವನ್ನು ಮುಟ್ಟುತ್ತದೆ. ಕಾಫಿ ತೋಟ, ತಗ್ಗಿನಲ್ಲಿ ಗದ್ದೆ, ಮಳೆಗಾಲದಲ್ಲಿ ಬಿಡದೆ ಸುರಿಯುವ ಮಳೆ. ಇಲ್ಲಿ ರೈಲಿನ ಸಿಳ್ಳೆ ಕೇಳಿಸುವುದಿಲ್ಲ. ಇಲ್ಲಿ ಮಾತ್ರವಲ್ಲ, ಇಡೀ ಕೊಡಗು ಜಿಲ್ಲೆಯಲ್ಲಿ ಒಂದು ಗಜ ಹಳಿಯೂ ಇಲ್ಲ. ಮೈಸೂರಿನಿಂದ ಕುಶಾಲನಗರಕ್ಕೆ ರೈಲು ತರುವ ಮಾತು ಎಷ್ಟೋ ಚುನಾವಣೆಗಳನ್ನು ಕಂಡಿದೆ, ರೈಲು ಬಂದಿಲ್ಲ. ಬರುವುದೇ ಬೇಡ ಎನ್ನುವವರೂ ಜಿಲ್ಲೆಯಲ್ಲಿ ಕಡಿಮೆಯಿಲ್ಲ, ಅದು ಬೇರೆ ಮಾತು.

ಹಾಗೆಂದು ಬಿಟ್ಟಂಗಾಲದವರು ರೈಲು ಹತ್ತುವುದಿಲ್ಲವೆಂದಲ್ಲ. ಒಂದು ಕಡೆ ತಿತಿಮತಿ, ಹುಣಸೂರು ದಾಟಿ ಮೈಸೂರು. ಇನ್ನೊಂದು ಕಡೆ ಮಾಕುಟ್ಟದ ಘಟ್ಟ ಇಳಿದು, ಇರಿಟ್ಟಿ ಹಾಯ್ದು ತಲಶ್ಶೇರಿ ಅಥವಾ ಕಣ್ಣೂರು. ರಜೆ ಮುಗಿಸಿ ಪಡೆಗೆ ಮರಳುವ ಯೋಧ, ಮಂಗಳೂರಿನಲ್ಲಿ ಓದುವ ಹುಡುಗಿ, ಮಲಬಾರಿನ ನೆಂಟರ ಮನೆಗೆ ಹೊರಟವರು, ಎಲ್ಲರೂ ಮೊದಲು ಬಸ್ಸು, ಆಮೇಲೆ ರೈಲು. ಈಚಿನ ವರ್ಷಗಳಲ್ಲಿ ಇವರ ಜೊತೆಗೆ ಇನ್ನೊಂದು ದೊಡ್ಡ ಗುಂಪು ಸೇರಿಕೊಂಡಿದೆ. ಕೊಡಗಿನ ತೋಟಗಳ ಲೈನ್‌ಮನೆಗಳಲ್ಲಿ ಈಗ ಅಸ್ಸಾಮಿನ, ಬಂಗಾಳದ, ಜಾರ್ಖಂಡಿನ ಕಾರ್ಮಿಕರಿದ್ದಾರೆ. ಅವರು ಊರಿಗೆ ಹೋಗಬೇಕಾದರೆ ಎರಡು ಮೂರು ಹಗಲು ರಾತ್ರಿ ರೈಲಿನಲ್ಲೇ ಕಳೆಯಬೇಕು. ಬಹುಪಾಲು ಮಂದಿಗೆ ಸಿಗುವುದು ಕಾದಿರಿಸದ ಸಾಮಾನ್ಯ ಬೋಗಿ. ಅದೂ ಹಲವು ಸಲ ಬಾಗಿಲ ಬಳಿಯ ಜಾಗ.

ಒಂದು ಸಂದರ್ಭವನ್ನು ಕಲ್ಪಿಸಿಕೊಳ್ಳಬಹುದು. ಬಿಟ್ಟಂಗಾಲದ ಒಬ್ಬ ಯುವಕ ಸಂಜೆಯ ಬಸ್ಸಿನಲ್ಲಿ ತಲಶ್ಶೇರಿಗೆ ಹೋಗುತ್ತಾನೆ. ಕೌಂಟರಿನಲ್ಲಿ ಸಾಮಾನ್ಯ ಟಿಕೆಟ್ ಕೊಂಡು ರಾತ್ರಿಯ ರೈಲು ಹತ್ತುತ್ತಾನೆ. ಬೆಳಗಿನ ಜಾವ ಎರಡು ನಿಲ್ದಾಣಗಳ ನಡುವೆ, ಹಳಿಯ ಪಕ್ಕದ ಹುಲ್ಲಿನಲ್ಲಿ, ಗ್ಯಾಂಗ್‌ಮನ್ ಒಬ್ಬನಿಗೆ ಶವ ಕಾಣಿಸುತ್ತದೆ. ಪೊಲೀಸರು ಬಂದು ಪಂಚನಾಮೆ ಬರೆಯುತ್ತಾರೆ: ಒಂದು ಅಂಗಿ, ಒಂದು ಪ್ಯಾಂಟು, ಒಂದು ಸರ, ಎಂಬತ್ತು ರೂಪಾಯಿ. ಟಿಕೆಟ್ ಸಿಕ್ಕಲಿಲ್ಲ. ಚೀಲ ರೈಲಿನ ಜೊತೆ ಮುಂದಕ್ಕೆ ಹೋಗಿದೆ. ಫೋನು ಎಲ್ಲಿ ಬಿತ್ತೋ, ಯಾರು ಎತ್ತಿಕೊಂಡರೋ ತಿಳಿಯದು. ಮನೆಯವರು ಪರಿಹಾರ ಕೇಳಿ ಅರ್ಜಿ ಹಾಕಿದಾಗ ರೈಲ್ವೆ ಕಡೆಯಿಂದ ಬರುವ ಮೊದಲ ಪ್ರಶ್ನೆ ಸರಳವಾದದ್ದು. ಈತ ನಮ್ಮ ಪ್ರಯಾಣಿಕನೆಂಬುದಕ್ಕೆ ಪುರಾವೆ ಏನು?

ಇಡೀ ರೈಲೇ ಉರುಳಿದಾಗ ಈ ಪ್ರಶ್ನೆ ಇಷ್ಟು ಗಟ್ಟಿಯಾಗಿ ಕೇಳಿಸುವುದಿಲ್ಲ. 1988ರ ಜುಲೈ 8ರಂದು ಬೆಂಗಳೂರಿನಿಂದ ಹೊರಟಿದ್ದ ಐಲೆಂಡ್ ಎಕ್ಸ್‌ಪ್ರೆಸ್ ಕೇರಳದ ಪೆರುಮಣ್ ಸೇತುವೆಯಿಂದ ಅಷ್ಟಮುಡಿ ಸರೋವರಕ್ಕೆ ಬಿದ್ದು ನೂರಕ್ಕೂ ಹೆಚ್ಚು ಜನ ಸತ್ತರು. 2001ರ ಜೂನ್ 22ರಂದು ಮಂಗಳೂರು–ಚೆನ್ನೈ ಮೇಲ್ ಕಡಲುಂಡಿ ಹೊಳೆಯ ಸೇತುವೆಯ ಮೇಲೆ ಹಳಿ ತಪ್ಪಿತು. ಐವತ್ತಕ್ಕೂ ಹೆಚ್ಚು ಸಾವು. 2012ರ ಮೇ 22ರಂದು ಪೆನುಕೊಂಡದ ಬಳಿ ಹಂಪಿ ಎಕ್ಸ್‌ಪ್ರೆಸ್ ನಿಂತಿದ್ದ ಗೂಡ್ಸ್ ರೈಲಿಗೆ ಬಡಿಯಿತು. ಇಂಥ ಕಡೆ ಮಂತ್ರಿಗಳು ಬರುತ್ತಾರೆ, ಪಟ್ಟಿ ಹೊರಡುತ್ತದೆ, ಬೋಗಿಯೊಳಗೆ ಸಿಕ್ಕಿದ ದೇಹದ ಬಗ್ಗೆ ವಾದ ಹುಟ್ಟುವುದು ಅಪರೂಪ. 2023ರ ಜೂನ್ 2ರಂದು ಒಡಿಶಾದ ಬಾಲಸೋರ್ ಜಿಲ್ಲೆಯ ಬಹನಾಗಾ ಬಜಾರಿನಲ್ಲಿ ಬೆಂಗಳೂರು–ಹೌರಾ ರೈಲೂ ಸೇರಿದಂತೆ ಮೂರು ರೈಲುಗಳು ಸಿಕ್ಕಿಕೊಂಡು 290ಕ್ಕೂ ಹೆಚ್ಚು ಜನ ಸತ್ತಾಗ, ಟಿಕೆಟ್ ಇಲ್ಲದಿದ್ದವರಿಗೂ ಪರಿಹಾರ ಕೊಡುವುದಾಗಿ ರೈಲ್ವೆ ತಾನೇ ಹೇಳಿತು. ಕೊನೆಗೂ ಗುರುತು ಸಿಗದೆ ಉಳಿದ 28 ಶವಗಳಿಗೆ ಆ ವರ್ಷದ ಅಕ್ಟೋಬರಿನಲ್ಲಿ ಭುವನೇಶ್ವರದಲ್ಲಿ ಅಂತ್ಯಸಂಸ್ಕಾರ ನಡೆಯಿತು.

ಆದರೆ ರಾತ್ರಿ ಒಬ್ಬನೇ ಬಿದ್ದವನ ಕಥೆ ಬೇರೆ. ಅವನಿಗೆ ಪಟ್ಟಿಯಿಲ್ಲ, ಮಂತ್ರಿಯಿಲ್ಲ, ಹಲವು ಸಲ ಸಾಕ್ಷಿಯೂ ಇಲ್ಲ. ಹಳಿ ದಾಟುತ್ತಿದ್ದನೆ? ಬೇಕೆಂದೇ ತಲೆಕೊಟ್ಟನೆ? ಕಳ್ಳ ಪ್ರಯಾಣವೆ? ಸತ್ತವನ ಮೇಲೆ ಮೂರು ಅನುಮಾನಗಳು ಒಟ್ಟಿಗೆ ಬಂದು ಕೂರುತ್ತವೆ.

ಕಾನೂನು ಬೆಳೆದ ಬಗೆ

ಬ್ರಿಟಿಷರ 1890ರ ರೈಲ್ವೆ ಕಾಯ್ದೆಗೆ 1943ರಲ್ಲಿ 82-ಎ ಎಂಬ ಕಲಮು ಸೇರಿತು. ರೈಲು ಡಿಕ್ಕಿಯಾದರೆ, ಹಳಿ ತಪ್ಪಿದರೆ ತಪ್ಪು ಯಾರದೆಂದು ಕೇಳದೆ ಪರಿಹಾರ. ಆದರೆ ಗರಿಷ್ಠ ಹತ್ತು ಸಾವಿರ ರೂಪಾಯಿ. ಮುಂದೆ ಮೊತ್ತ ಏರಿತು, ತತ್ವ ಮಾತ್ರ ಬಹುಕಾಲ ಹಾಗೆಯೇ ಉಳಿಯಿತು. ಓಡುವ ರೈಲಿನಿಂದ ಒಬ್ಬಾತ ಜಾರಿ ಬಿದ್ದರೆ ಅದು ಆ ಕಾಯ್ದೆಯ ಲೆಕ್ಕದಲ್ಲಿ ಅಪಘಾತವೇ ಆಗಿರಲಿಲ್ಲ. 1990ರ ಜುಲೈ 1ರಿಂದ ಜಾರಿಗೆ ಬಂದ 1989ರ ಹೊಸ ರೈಲ್ವೆ ಕಾಯ್ದೆಯೂ ಮೊದಮೊದಲು ಇದನ್ನು ಮುಟ್ಟಲಿಲ್ಲ.

ಬದಲಾವಣೆ ಬಂದದ್ದು 1994ರ ತಿದ್ದುಪಡಿಯಲ್ಲಿ. ಆ ವರ್ಷದ ಆಗಸ್ಟ್ 1ರಿಂದ ‘ಅಹಿತಕರ ಘಟನೆ’ ಎಂಬ ಹೊಸ ಮಾತು ಕಾಯ್ದೆಯೊಳಕ್ಕೆ ಬಂತು. ರೈಲಿನಲ್ಲಿ ಅಥವಾ ನಿಲ್ದಾಣದ ಆವರಣದಲ್ಲಿ ನಡೆಯುವ ಭಯೋತ್ಪಾದಕ ಕೃತ್ಯ, ದರೋಡೆ, ದೊಂಬಿ, ಬೆಂಕಿ ಇವುಗಳ ಜೊತೆಗೆ ಪ್ರಯಾಣಿಕರ ರೈಲಿನಿಂದ ಆಕಸ್ಮಿಕವಾಗಿ ಬೀಳುವುದೂ ಅದರಲ್ಲಿ ಸೇರಿತು. ರೈಲ್ವೆಯದು ತಪ್ಪಿರಲಿ, ಇಲ್ಲದಿರಲಿ, 124-ಎ ಕಲಮಿನಂತೆ ಪರಿಹಾರ ಕೊಡಲೇಬೇಕು. ಆತ್ಮಹತ್ಯೆ ಅಥವಾ ಅದರ ಯತ್ನ, ತಾನೇ ಮಾಡಿಕೊಂಡ ಗಾಯ, ತನ್ನದೇ ಅಪರಾಧ ಕೃತ್ಯ, ಮದ್ಯದ ಅಮಲು ಅಥವಾ ಬುದ್ಧಿಭ್ರಮೆಯಲ್ಲಿ ಮಾಡಿದ ಕೆಲಸ, ಸಹಜ ಕಾಯಿಲೆ ಇವಿಷ್ಟು ಕಾರಣಗಳಿಗೆ ಮಾತ್ರ ವಿನಾಯಿತಿ.

ಔದಾರ್ಯ ದೊಡ್ಡದೇ. ಆದರೆ ಇಷ್ಟೂ ಸವಲತ್ತು ‘ಪ್ರಯಾಣಿಕ’ ಎಂಬ ಒಂದು ಪದದ ಮೇಲೆ ನಿಂತಿದೆ. ಕ್ರಮಬದ್ಧ ಪಾಸು ಅಥವಾ ಟಿಕೆಟ್ ಹೊಂದಿ ಪ್ರಯಾಣಿಸುವವನು ಪ್ರಯಾಣಿಕ ಎನ್ನುತ್ತದೆ ಕಾಯ್ದೆ. 124-ಎ ಕಲಮಿಗೆ ಕೊಟ್ಟ ವಿವರಣೆ ಇದನ್ನು ಕೊಂಚ ಅಗಲಿಸಿ, ಕೆಲಸದ ಮೇಲಿರುವ ರೈಲ್ವೆ ನೌಕರನನ್ನೂ, ಪ್ಲಾಟ್‌ಫಾರಂ ಟಿಕೆಟ್ ಕೊಂಡವನನ್ನೂ ಒಳಗೆ ಸೇರಿಸುತ್ತದೆ. ಮಗನನ್ನು ರೈಲು ಹತ್ತಿಸಲು ಬಂದ ತಂದೆಯ ಕೈಯಲ್ಲಿ ಆ ಪುಟ್ಟ ಚೀಟಿ ಇದ್ದರೆ ಒಂದು ಕಾನೂನು, ಇಲ್ಲದಿದ್ದರೆ ಇನ್ನೊಂದು. ಕೊಡಗಿನಂಥ ಸೈನಿಕರ ನಾಡಿನಲ್ಲಿ ಇನ್ನೊಂದು ಮಾತನ್ನು ಹೇಳಬೇಕು. ಪಾಸು ಎಂಬ ಪದವೂ ಕಾಯ್ದೆಯಲ್ಲಿದೆ. ಸರಕಾರಿ ವಾರಂಟಿನ ಮೇಲೆ ಟಿಕೆಟ್ ಪಡೆದು ಹೊರಟವನು ದುಡ್ಡು ಕೊಡದವನೆಂದು ಯಾರೂ ತಳ್ಳಿಹಾಕುವಂತಿಲ್ಲ. ಅವನ ವಾರಂಟಿನ ಲೆಕ್ಕ ಪಡೆಯ ಕಚೇರಿಯಲ್ಲೂ ಇರುತ್ತದೆ, ರೈಲ್ವೆಯಲ್ಲೂ ಇರುತ್ತದೆ.

ಈ ಅರ್ಜಿಗಳನ್ನು ಕೇಳುವುದು ಸಾಮಾನ್ಯ ನ್ಯಾಯಾಲಯವಲ್ಲ, ರೈಲ್ವೆ ಕ್ಲೇಮ್ಸ್ ಟ್ರಿಬ್ಯೂನಲ್. 1987ರ ಕಾಯ್ದೆಯಡಿ ಹುಟ್ಟಿ 1989ರ ನವೆಂಬರಿನಲ್ಲಿ ಕೆಲಸ ಶುರುಮಾಡಿದ ಸಂಸ್ಥೆ. ಕರ್ನಾಟಕಕ್ಕೆ ಬೆಂಗಳೂರಿನಲ್ಲಿ ಪೀಠವಿದೆ, ಕೇರಳಕ್ಕೆ ಎರ್ನಾಕುಲಂನಲ್ಲಿ. ಸಾವಿಗೆ ಪರಿಹಾರ 1997ರಿಂದ 4 ಲಕ್ಷ ರೂಪಾಯಿ ಇತ್ತು; 2017ರ ಜನವರಿ 1ರಿಂದ 8 ಲಕ್ಷ. ಸತ್ತವನು ತೋಟದ ಮಾಲೀಕನಾದರೂ ಅಷ್ಟೇ, ಅದೇ ತೋಟದಲ್ಲಿ ಕಳೆ ಕೀಳುವವನಾದರೂ ಅಷ್ಟೇ. ಗಾಯಗಳಿಗೆ ಬೇರೆ ಪಟ್ಟಿಯಿದೆ. ಘಟನೆಯಾದ ಕೂಡಲೇ ರೈಲ್ವೆ ಘೋಷಿಸುವ ಅನುಗ್ರಹ ಧನಕ್ಕೂ ಈ ಪರಿಹಾರಕ್ಕೂ ಸಂಬಂಧವಿಲ್ಲ. ಅನುಗ್ರಹ ಧನ ಸಿಕ್ಕಿತೆಂದು ಎಷ್ಟೋ ಮನೆಯವರು ಅಲ್ಲಿಗೇ ಸುಮ್ಮನಾಗುವುದುಂಟು.

ಹೊರೆ ಯಾರ ಹೆಗಲಿಗೆ?

ಟಿಕೆಟ್ ಸಿಕ್ಕದಿದ್ದರೆ ಏನು ಎಂಬ ಪ್ರಶ್ನೆಗೆ ದೇಶದ ಹೈಕೋರ್ಟುಗಳು ಬಹಳ ವರ್ಷ ಬೇರೆ ಬೇರೆ ಉತ್ತರ ಕೊಟ್ಟವು. ಕೆಲವರ ತರ್ಕ ಹೀಗಿತ್ತು. ಟಿಕೆಟ್ ಇಲ್ಲದೆ ಪ್ರಯಾಣ ಮಾಡುವುದು ಅಪರಾಧ. ಅಪರಾಧ ಮಾಡಿಲ್ಲವೆಂದೇ ಯಾರನ್ನೂ ಮೊದಲು ನಂಬಬೇಕು. ಆದ್ದರಿಂದ ಟಿಕೆಟ್ ಇರಲಿಲ್ಲ ಎಂದು ತೋರಿಸುವ ಹೊಣೆ ರೈಲ್ವೆಯದು. ಮಧ್ಯಪ್ರದೇಶ ಹೈಕೋರ್ಟು ತೊಂಬತ್ತರ ದಶಕದ ಆರಂಭದಲ್ಲೇ ಈ ದಿಕ್ಕಿನಲ್ಲಿ ತೀರ್ಪು ಕೊಟ್ಟಿತ್ತು. ಇನ್ನು ಕೆಲವರು, ಪರಿಹಾರ ಕೇಳುವವರೇ ಪುರಾವೆ ತರಬೇಕು, ಹಳಿಯ ಪಕ್ಕ ಸಿಕ್ಕ ಪ್ರತಿ ಶವವೂ ಪ್ರಯಾಣಿಕನದಾಗುವುದಿಲ್ಲ ಎಂದರು. ಎರಡರಲ್ಲೂ ಹುರುಳಿದೆ. ಒಂದೇ ತರಹದ ಸಾವು, ಒಂದು ರಾಜ್ಯದಲ್ಲಿ ಪರಿಹಾರ, ಪಕ್ಕದ ರಾಜ್ಯದಲ್ಲಿ ವಜಾ. ಹೀಗೆ ನಡೆದಿತ್ತು.

ಈ ಗೊಂದಲಕ್ಕೆ 2018ರ ಮೇ 9ರಂದು ಸುಪ್ರೀಂ ಕೋರ್ಟು ಒಂದು ತೆರೆ ಎಳೆಯಿತು. ಬಿಹಾರದ ಒಬ್ಬ ವಿಧವೆಯ ಅರ್ಜಿ ಅದು. ಕಾನೂನು ಪುಸ್ತಕಗಳಲ್ಲಿ ರೀನಾ ದೇವಿ ಪ್ರಕರಣವೆಂದೇ ಹೆಸರಾಗಿದೆ. ಗಂಡ ಸತ್ತದ್ದು 2002ರಲ್ಲಿ. ಟ್ರಿಬ್ಯೂನಲ್ ಅರ್ಜಿಯನ್ನು ತಿರಸ್ಕರಿಸಿತ್ತು, ಪಟ್ನಾ ಹೈಕೋರ್ಟು 4 ಲಕ್ಷ ಕೊಡಿಸಿತ್ತು. ರೈಲ್ವೆ ಮೇಲ್ಮನವಿ ಹೋಯಿತು. ನ್ಯಾಯಮೂರ್ತಿಗಳಾದ ಎ.ಕೆ. ಗೋಯಲ್ ಮತ್ತು ರೋಹಿಂಟನ್ ನಾರಿಮನ್ ಅವರ ಪೀಠ ಹೇಳಿದ್ದರ ತಿರುಳು ಇಷ್ಟು. ರೈಲ್ವೆ ಜಾಗದಲ್ಲಿ ಶವ ಸಿಕ್ಕಿತು ಎಂದ ಮಾತ್ರಕ್ಕೆ ಆತ ಪ್ರಯಾಣಿಕನೆಂದು ತೀರ್ಮಾನಿಸುವಂತಿಲ್ಲ. ಹಾಗೆಯೇ ಟಿಕೆಟ್ ಸಿಕ್ಕಲಿಲ್ಲ ಎಂದ ಮಾತ್ರಕ್ಕೆ ಅಲ್ಲವೆಂದೂ ತೀರ್ಮಾನಿಸುವಂತಿಲ್ಲ. ಮೊದಲ ಹೊರೆ ಅರ್ಜಿದಾರರದು. ತಿಳಿದ ಸಂಗತಿಗಳನ್ನೆಲ್ಲ ಪ್ರಮಾಣಪತ್ರದಲ್ಲಿ ಹೇಳಿದರೆ ಆ ಹೊರೆ ಇಳಿಯುತ್ತದೆ. ಅಲ್ಲಿಂದ ಮುಂದೆ ಅದನ್ನು ಹೊರಬೇಕಾದದ್ದು ರೈಲ್ವೆ. ಆಯಾ ಪ್ರಕರಣದ ಸಂದರ್ಭ ನೋಡಿ ಟ್ರಿಬ್ಯೂನಲ್ ನಿರ್ಧರಿಸಬೇಕು.

ಹೇಳಲು ಎರಡು ಸಾಲು. ಆದರೆ ಇದರ ಪರಿಣಾಮ ಸಣ್ಣದಲ್ಲ. ಅಲ್ಲಿಯವರೆಗೆ ಹಲವು ಕಡೆ ವಿಧವೆಯೊಬ್ಬಳು ತಾನಿಲ್ಲದ ಜಾಗದಲ್ಲಿ, ತಾನು ಕಾಣದ ರೈಲಿನಲ್ಲಿ, ತಾನು ಮುಟ್ಟದ ಒಂದು ಚೂರು ಕಾಗದವನ್ನು ಹಾಜರುಪಡಿಸಬೇಕಾಗಿತ್ತು. ಎದುರು ಪಕ್ಷದ ಬಳಿಯೋ ಟಿಕೆಟ್ ಮಾರಿದ ಲೆಕ್ಕ, ಸ್ಟೇಷನ್ ಮಾಸ್ತರರ ಡೈರಿ, ಚಾಲಕನ ವರದಿ, ರಕ್ಷಣಾ ಪಡೆಯ ತನಿಖೆ ಎಲ್ಲ ಇರುತ್ತದೆ. ದಾಖಲೆ ಇಟ್ಟುಕೊಂಡವರನ್ನು ಬಿಟ್ಟು ಇಲ್ಲದವರನ್ನು ಪುರಾವೆ ಕೇಳುವ ಪದ್ಧತಿ ಇಷ್ಟು ಕಾಲ ನಡೆದದ್ದೇ ಆಶ್ಚರ್ಯ.

ಅದೇ ತೀರ್ಪು ಇನ್ನೆರಡು ವಿಷಯಗಳನ್ನೂ ಇತ್ಯರ್ಥ ಮಾಡಿತು. ಹತ್ತುವಾಗ ಇಳಿಯುವಾಗ ಬಿದ್ದರೂ ಅದು ಅಹಿತಕರ ಘಟನೆಯೇ; ಅಜಾಗರೂಕತೆಯನ್ನು ‘ತಾನೇ ಮಾಡಿಕೊಂಡ ಗಾಯ’ ಎಂದು ಕರೆಯುವಂತಿಲ್ಲ. ಇನ್ನು ಮೊತ್ತದ ಮಾತು. ಅಪಘಾತದ ದಿನ ಇದ್ದ ದರಕ್ಕೆ ಬಡ್ಡಿ ಸೇರಿಸಿ ಬರುವ ಹಣ, ತೀರ್ಪಿನ ದಿನದ ದರ, ಇವೆರಡರಲ್ಲಿ ಹೆಚ್ಚಿನದು ಅರ್ಜಿದಾರರಿಗೆ ಸಲ್ಲಬೇಕು.

ಈ ಅಜಾಗರೂಕತೆಯ ವಾದಕ್ಕೆ ಹಿಂದೆಯೇ ಪೆಟ್ಟು ಬಿದ್ದಿತ್ತು. 1998ರಲ್ಲಿ ಕೇರಳದ ವರ್ಕಲ ನಿಲ್ದಾಣದಲ್ಲಿ ಪರಶುರಾಮ್ ಎಕ್ಸ್‌ಪ್ರೆಸ್ ಹತ್ತಲು ಹೋಗಿ ಒಬ್ಬ ಮಹಿಳೆ ಹಳಿಗೆ ಬಿದ್ದು ಸತ್ತರು. ಕೊಡಗಿನವರು ತಲಶ್ಶೇರಿಯಲ್ಲಿ ಹತ್ತುವ ಅದೇ ಪರಶುರಾಮ್. ರೈಲಿನೊಳಗಿದ್ದು ಬಿದ್ದರೂ ಒಂದೇ, ಹತ್ತುವಾಗ ಬಿದ್ದರೂ ಒಂದೇ ಎಂದು 2008ರಲ್ಲಿ ಸುಪ್ರೀಂ ಕೋರ್ಟು ತೀರ್ಮಾನಿಸಿತು. ಬಡವರಿಗಾಗಿ ಮಾಡಿದ ಕಾನೂನಿಗೆ ಉದಾರವಾದ ಅರ್ಥ ಕೊಡಬೇಕೆಂಬುದು ಅದರ ನಿಲುವು. 2010ರ ಜಮೀಲಾ ಪ್ರಕರಣದಲ್ಲಿ, ತೆರೆದ ಬಾಗಿಲ ಬಳಿ ನಿಂತದ್ದು ಅಜಾಗರೂಕತೆ ಇರಬಹುದು, ಅಪರಾಧ ಕೃತ್ಯವಲ್ಲ ಎಂದಿತು. ಸಾಮಾನ್ಯ ಬೋಗಿಯಲ್ಲಿ ಒಮ್ಮೆ ನಿಂತು ಹೋದವರಿಗೆ, ಬಾಗಿಲ ಬಳಿ ನಿಲ್ಲುವುದು ಷೋಕಿಗಲ್ಲ ಎಂಬುದನ್ನು ಹೇಳಬೇಕಾಗಿಯೇ ಇಲ್ಲ.

ಹಾಗೆಂದು ಕೇಳಿದವರಿಗೆಲ್ಲ ಹಣ ಸಿಕ್ಕುತ್ತದೆಯೆ? ಇಲ್ಲ. 2017ರ ಕಮರುನ್ನೀಸಾ ಪ್ರಕರಣದಲ್ಲಿ ಶವದ ಸ್ಥಿತಿಯೇ ವಿರುದ್ಧ ಸಾಕ್ಷಿಯಾಯಿತು. ದೇಹ ತುಂಡಾಗಿ ಬಿದ್ದಿದ್ದ ರೀತಿ ನೋಡಿದರೆ ರೈಲಿನಿಂದ ಬಿದ್ದದ್ದಲ್ಲ, ರೈಲು ಹಾಯ್ದದ್ದು ಎಂದು ನ್ಯಾಯಾಲಯ ಕಂಡಿತು, ಟಿಕೆಟ್ಟೂ ಇರಲಿಲ್ಲ. ಅರ್ಜಿ ಬಿದ್ದುಹೋಯಿತು. ರೈಲ್ವೆಯ ಅನುಮಾನವೂ ಬರೀ ಜಿಪುಣತನವಲ್ಲ. ಹಳಿ ದಾಟುವಾಗ ಸಾಯುವವರು ದೇಶದಲ್ಲಿ ನಿಜಕ್ಕೂ ಬಹಳ. ಟ್ರಿಬ್ಯೂನಲ್ಲಿನ ಪಟ್ನಾ ಪೀಠದಲ್ಲಿ ಸಾವಿನ ಪರಿಹಾರದ ಹೆಸರಿನಲ್ಲಿ ಅಕ್ರಮ ನಡೆದಿದೆಯೆಂದು ಸಿಬಿಐ, ಜಾರಿ ನಿರ್ದೇಶನಾಲಯ ತನಿಖೆಗೆ ಇಳಿದದ್ದೂ ಉಂಟು. ಆದರೆ ಎಲ್ಲೋ ನಡೆದ ಮೋಸಕ್ಕೆ ದಂಡ ತೆರಬೇಕಾದವರು ಬಿಟ್ಟಂಗಾಲದ ವಿಧವೆಯರಲ್ಲ.

2018ರ ಮಾತು ಕೆಳಗಿನವರೆಗೆ ಇಳಿಯಲು ಸಮಯ ಹಿಡಿದಿದೆ. 2023ರಲ್ಲಿ ತಮಿಳುನಾಡಿನಿಂದ ಹೋದ ಒಂದು ಕುಟುಂಬಕ್ಕೂ, 2024ರ ಆಗಸ್ಟಿನಲ್ಲಿ ಗುವಾಹಟಿ ಹೈಕೋರ್ಟಿನಲ್ಲಿ ಸೋತು ಹೋದ ಇನ್ನೊಂದು ಕುಟುಂಬಕ್ಕೂ ಸುಪ್ರೀಂ ಕೋರ್ಟು ಅದೇ ಮಾತನ್ನು ಮತ್ತೆ ಹೇಳಬೇಕಾಯಿತು. ಶವದ ಬಳಿ ಟಿಕೆಟ್ ಇಲ್ಲ, ಪ್ರಮಾಣಪತ್ರವಿದೆ, ರೈಲ್ವೆ ತನ್ನ ಪಾಲಿನ ಹೊರೆ ಹೊತ್ತಿಲ್ಲ. 2025ರಲ್ಲಿ ಬಂದದ್ದು ಇನ್ನೂ ವಿಚಿತ್ರ. 2017ರ ಮೇ ತಿಂಗಳಲ್ಲಿ ಇಂದೋರಿನಿಂದ ಉಜ್ಜಯಿನಿಗೆ ಹೊರಟಿದ್ದ ಒಬ್ಬಾತ ರಣಥಂಬೋರ್ ಎಕ್ಸ್‌ಪ್ರೆಸ್ಸಿನಿಂದ ಬಿದ್ದು ಸತ್ತ. ಟಿಕೆಟ್ಟಿನ ನೆರಳಚ್ಚು ಪೊಲೀಸ್ ಕಡತದಲ್ಲಿತ್ತು. ಆ ಟಿಕೆಟ್ ಮಾರಾಟವಾದದ್ದು ನಿಜವೆಂದು ರೈಲ್ವೆಯ ಬುಕಿಂಗ್ ಅಧಿಕಾರಿಯೇ ಪರಿಶೀಲಿಸಿ ಹೇಳಿದ್ದರು. ಆದರೂ ಟಿಕೆಟ್ಟನ್ನು ವಶಪಡಿಸಿಕೊಂಡ ಮಹಜರು ಇಲ್ಲವೆಂಬ ಕಾರಣಕ್ಕೆ ಟ್ರಿಬ್ಯೂನಲ್ಲಿನಲ್ಲೂ ಹೈಕೋರ್ಟಿನಲ್ಲೂ ಹೆಂಡತಿ ಮಕ್ಕಳು ಸೋತರು. ಕರ್ನಾಟಕದವರೇ ಆದ ನ್ಯಾಯಮೂರ್ತಿ ಅರವಿಂದ ಕುಮಾರ್ ಅವರಿದ್ದ ಪೀಠ ಆ ಆದೇಶಗಳನ್ನು ಬದಿಗೆ ಸರಿಸಿ 8 ಲಕ್ಷ ಕೊಡಿಸಿತು. ಇದು ಕೊಲೆ ಮೊಕದ್ದಮೆಯಲ್ಲ, ಸಂಶಯಾತೀತ ಪುರಾವೆ ಬೇಕಿಲ್ಲ. ಹೀಗಿರುವ ಸಂಭವವೇ ಹೆಚ್ಚು ಎಂದು ತೋರಿದರೆ ಸಾಕು ಎಂಬುದು ಅದರ ತಾತ್ಪರ್ಯ.

ಪ್ರಮಾಣಪತ್ರದಲ್ಲಿ ಏನಿರಬೇಕು

ಹಾಗಾದರೆ ಆ ಪ್ರಮಾಣಪತ್ರಕ್ಕೆ ಜೀವ ಬರುವುದು ಯಾವುದರಿಂದ? ‘ನನ್ನ ಮಗ ಟಿಕೆಟ್ ಕೊಂಡಿದ್ದ’ ಎಂಬ ಒಂದೇ ವಾಕ್ಯದಿಂದಲ್ಲ. ತಾಯಿ ತಲಶ್ಶೇರಿಯ ಕೌಂಟರಿನ ಬಳಿ ಇರಲಿಲ್ಲ, ಅದು ಎಲ್ಲರಿಗೂ ಗೊತ್ತು. ಇಲ್ಲದ್ದನ್ನು ಕಂಡೆ ಎಂದು ಬರೆಸುವ ವಕೀಲರಿದ್ದಾರೆ. ಪಾಟೀಸವಾಲಿನಲ್ಲಿ ಮೊದಲು ಮುರಿಯುವುದು ಆ ವಾಕ್ಯವೇ. ತಾಯಿ ನಿಜವಾಗಿ ಬಲ್ಲದ್ದು ಬೇರೆ. ಮಗ ಯಾವ ದಿನ, ಎಷ್ಟು ಗಂಟೆಗೆ, ಯಾವ ಬಸ್ಸಿಗೆ ಹೊರಟ, ಎಲ್ಲಿಗೆ, ಏತಕ್ಕೆ, ಕೈಗೆ ಎಷ್ಟು ದುಡ್ಡು ಕೊಟ್ಟಳು, ಕೊನೆಯ ಫೋನು ಎಷ್ಟು ಗಂಟೆಗೆ ಬಂತು, ಏನೆಂದ. ಇದು ಸುಳ್ಳು ಬೆರೆಯದ ಸಾಕ್ಷ್ಯ.

ಇದಕ್ಕೆ ಸುತ್ತಮುತ್ತಲಿನ ಚೂರುಗಳು ಸೇರಬೇಕು. ವಿರಾಜಪೇಟೆಯಿಂದ ತಲಶ್ಶೇರಿಗೆ ಕೊಂಡ ಬಸ್ ಟಿಕೆಟ್ ಜೇಬಿನಲ್ಲಿ ಸಿಕ್ಕಿದ್ದರೆ ಅದು ರೈಲಿನ ಟಿಕೆಟ್ಟಲ್ಲ, ನಿಜ. ಆದರೆ ಕೊಡಗಿನ ಮನುಷ್ಯ ರಾತ್ರಿ ಹೊತ್ತು ಕರಾವಳಿಯ ಹಳಿಯ ಬಳಿ ಸುಮ್ಮನೆ ಅಡ್ಡಾಡುತ್ತಿದ್ದ ಎಂಬ ವಾದಕ್ಕೆ ಅದು ಉತ್ತರ ಕೊಡುತ್ತದೆ. ಶವ ಸಿಕ್ಕ ಜಾಗ ಆತ ಹೋಗಬೇಕಾದ ದಾರಿಯಲ್ಲೇ ಇದೆಯೆ? ಸತ್ತ ಹೊತ್ತಿಗೂ ರೈಲು ಅಲ್ಲಿ ಹಾದ ಹೊತ್ತಿಗೂ ತಾಳೆಯಾಗುತ್ತದೆಯೆ? ಮರಣೋತ್ತರ ವರದಿಯ ಗಾಯಗಳು ಬಿದ್ದದ್ದಕ್ಕೆ ಹೊಂದುತ್ತವೆಯೆ, ಹಾಯ್ದದ್ದಕ್ಕೊ? ಯಾರಿಗಾದರೂ ರೈಲು ಬಡಿದಿದ್ದರೆ ಚಾಲಕ ಮುಂದಿನ ನಿಲ್ದಾಣದಲ್ಲಿ ತಿಳಿಸಬೇಕು. ಆ ರಾತ್ರಿ ಆ ದಾರಿಯಲ್ಲಿ ಓಡಿದ ಯಾವ ರೈಲಿನ ಚಾಲಕನೂ ಅಂಥ ವರದಿ ಕೊಟ್ಟಿಲ್ಲವೆಂದರೆ ಆ ಮೌನವೂ ಒಂದು ಸಾಕ್ಷಿ.

ಟಿಕೆಟ್ಟು ಶವದ ಬಳಿ ಇಲ್ಲದಿರಲು ಎಷ್ಟೋ ಕಾರಣಗಳಿವೆ. ನಾಲ್ಕು ಜನ ಒಟ್ಟಿಗೆ ಹೊರಟರೆ ಕೌಂಟರಿನಲ್ಲಿ ಒಂದೇ ಟಿಕೆಟ್ ಕೊಡುವುದು ವಾಡಿಕೆ. ಅದು ಒಬ್ಬನ ಜೇಬಿನಲ್ಲಿರುತ್ತದೆ, ಬೀಳುವವನು ಇನ್ನೊಬ್ಬ. ತೋಟದ ಕಾರ್ಮಿಕರು ಗುಂಪಾಗಿ ಹೋಗುವುದೇ ಹೆಚ್ಚಾದ್ದರಿಂದ ಈ ಮಾತು ಅವರಿಗೆ ತುಂಬ ಅನ್ವಯಿಸುತ್ತದೆ. ಜೊತೆಗಾರರು ಗಾಬರಿಯಲ್ಲಿ ಊರು ಸೇರಿ, ಆ ಕಾಗದವನ್ನು ಎಸೆದುಬಿಟ್ಟರೆ ಮುಗಿಯಿತು. ಕಾದಿರಿಸಿದ ಟಿಕೆಟ್ಟಿನ ಚಿಂತೆಯಿಲ್ಲ. ಹೆಸರು, ವಯಸ್ಸು ಸಮೇತ ರೈಲ್ವೆಯ ಪಟ್ಟಿಯಲ್ಲಿರುತ್ತದೆ. ಫೋನಿನಲ್ಲಿ ತೆಗೆದ ಸಾಮಾನ್ಯ ಟಿಕೆಟ್ಟೂ, ಫೋನು ಪುಡಿಯಾದರೂ, ಆ ನಂಬರಿನ ಖಾತೆಯಲ್ಲಿ ಉಳಿಯುತ್ತದೆ. ಕೌಂಟರಿನಲ್ಲಿ ಹಣ ಕೊಟ್ಟು ಕೊಂಡ ಹೆಸರಿಲ್ಲದ ಟಿಕೆಟ್ಟಿಗೆ ಮಾತ್ರ ಈ ರಕ್ಷಣೆಯಿಲ್ಲ. ಅಲ್ಲಿಯೂ ಆ ದಿನ ಆ ಹೊತ್ತಿಗೆ ತಲಶ್ಶೇರಿಯಿಂದ ಆ ಊರಿಗೆ ಎಷ್ಟು ಟಿಕೆಟ್ ಮಾರಾಟವಾಯಿತೆಂಬ ಲೆಕ್ಕ ಕಂಪ್ಯೂಟರಿನಲ್ಲಿರುತ್ತದೆ. ಹಿಂದಿನ ರಟ್ಟಿನ ಟಿಕೆಟ್ಟುಗಳ ಕಾಲದಲ್ಲೂ ದಿನದ ಮೊದಲ ನಂಬರು, ಕೊನೆಯ ನಂಬರು ಬರೆದಿಡುತ್ತಿದ್ದರು. ಬೇಗ ಕೇಳಿದರೆ ಸಿಗುವ ದಾಖಲೆ ವರ್ಷಗಟ್ಟಲೆ ತಡವಾದರೆ ಸಿಗುವುದಿಲ್ಲ.

ಕೊಡಗಿನ ಮನೆಗಳಿಗೆ ಇನ್ನೊಂದು ತೊಡಕು ಗಡಿಯದು. ಘಟನೆ ಕೇರಳದಲ್ಲಿ ನಡೆದರೆ ಪಂಚನಾಮೆ, ಸಾಕ್ಷಿಗಳ ಹೇಳಿಕೆ ಎಲ್ಲ ಮಲಯಾಳದಲ್ಲಿರುತ್ತವೆ. ಶವ ಒಪ್ಪಿಸಿಕೊಳ್ಳುವ ಆತುರದಲ್ಲಿ, ಓದಲು ಬಾರದ ಕಾಗದಕ್ಕೆ ಬಂಧುಗಳು ಸಹಿ ಹಾಕಿ ಬರುತ್ತಾರೆ. ‘ಹಳಿ ದಾಟುವಾಗ’ ಎಂಬ ಎರಡು ಪದ ಅದರಲ್ಲಿದ್ದರೆ, ಮುಂದೆ ಟ್ರಿಬ್ಯೂನಲ್ಲಿನಲ್ಲಿ ರೈಲ್ವೆಯ ವಕೀಲರು ಮೊದಲು ಎತ್ತಿ ತೋರಿಸುವುದು ಆ ಸಹಿಯನ್ನೇ. ಮಲಯಾಳ ಬಲ್ಲವರು ವಿರಾಜಪೇಟೆಯಲ್ಲಿ ಎಷ್ಟೂ ಇದ್ದಾರೆ. ಅಂಥ ಒಬ್ಬರನ್ನು ಜೊತೆಗೆ ಕರೆದೊಯ್ಯುವುದು ಆ ಹೊತ್ತಿನಲ್ಲಿ ಹೊಳೆಯಬೇಕು ಅಷ್ಟೆ. 2003ರ ನಿಯಮಗಳಂತೆ ರೈಲ್ವೆ ರಕ್ಷಣಾ ಪಡೆಯೂ ಪ್ರತ್ಯೇಕ ತನಿಖೆ ಮಾಡಿ ವಿಭಾಗೀಯ ವ್ಯವಸ್ಥಾಪಕರಿಗೆ ವರದಿ ಕೊಡಬೇಕು. ತಲಶ್ಶೇರಿಯ ಕಡೆಯಾದರೆ ಪಾಲಕ್ಕಾಡ್ ವಿಭಾಗ, ಮೈಸೂರಿನ ಕಡೆಯಾದರೆ ಮೈಸೂರು ವಿಭಾಗ. ಆ ವರದಿಯ ಪ್ರತಿ ಕೇಳಿ ಪಡೆಯಬೇಕು. ಅದನ್ನು ಯಾವಾಗ ಬರೆದರು, ಯಾರನ್ನು ವಿಚಾರಿಸಿ ಬರೆದರು ಎಂಬುದರಲ್ಲೇ ಅದರ ತೂಕ ಗೊತ್ತಾಗುತ್ತದೆ. ಹಳ್ಳಿಗೆ ಬಂದು ಒಬ್ಬರನ್ನೂ ಕೇಳದೆ ‘ಅನಧಿಕೃತ ವ್ಯಕ್ತಿ’ ಎಂದು ಮುಗಿಸಿದ ವರದಿ ಹೆಚ್ಚು ಹೊತ್ತು ನಿಲ್ಲುವುದಿಲ್ಲ.

ಅರ್ಜಿಗೆ ಅವಧಿ ಘಟನೆಯ ದಿನದಿಂದ ಒಂದು ವರ್ಷ. ತಡವಾದರೆ ತಕ್ಕ ಕಾರಣ ತೋರಿಸಿ ಮನ್ನಿಸುವಂತೆ ಕೇಳಬಹುದು, ಆದರೆ ಅದು ಇನ್ನೊಂದು ವಾದಕ್ಕೆ ಬಾಗಿಲು ತೆರೆದಂತೆ. ಸೋತರೆ 90 ದಿನಗಳೊಳಗೆ ಹೈಕೋರ್ಟಿಗೆ ಮೇಲ್ಮನವಿ. ಸಾವು ಕೇರಳದಲ್ಲಾದರೂ ಎರ್ನಾಕುಲಂಗೇ ಹೋಗಬೇಕೆಂದಿಲ್ಲ. ಅರ್ಜಿದಾರರು ವಾಸವಾಗಿರುವ ಪ್ರದೇಶದ ಪೀಠದಲ್ಲೂ ಅರ್ಜಿ ಹಾಕಲು ನಿಯಮ ಅವಕಾಶ ಕೊಡುತ್ತದೆ. ಬಿಟ್ಟಂಗಾಲದವರಿಗೆ ಅದು ಬೆಂಗಳೂರು. ವಕೀಲರ ಶುಲ್ಕ ಕೊಡಲಾಗದವರಿಗೆ ಮಡಿಕೇರಿಯಲ್ಲಿ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರವಿದೆ. ಮಹಿಳೆಯರು, ಪರಿಶಿಷ್ಟ ಜಾತಿ ಪಂಗಡದವರು ವರಮಾನ ಎಷ್ಟೇ ಇದ್ದರೂ ಅಲ್ಲಿ ಉಚಿತ ನೆರವಿಗೆ ಅರ್ಹರು. ಪರಿಹಾರದಲ್ಲಿ ಪಾಲು ಕೇಳುವ ಮಧ್ಯವರ್ತಿಗಳು ಸಾವಿನ ಮನೆಯ ಬಾಗಿಲಿಗೆ ತಾವೇ ಬರುತ್ತಾರೆ. ಪ್ರಾಧಿಕಾರದ ಬಾಗಿಲಿಗೆ ಮಾತ್ರ ಇವರೇ ಹೋಗಬೇಕು.

ಲೈನ್‌ಮನೆಯ ಅಸ್ಸಾಮಿ ಕಾರ್ಮಿಕನ ವಿಷಯದಲ್ಲಿ ಹೇಳಿಕೆ ಕೊಡಲು ತಾಯಿಯೂ ಹತ್ತಿರವಿಲ್ಲ. ಆಕೆ ಮೂರು ದಿನದ ದಾರಿಯಾಚೆ ಇರುತ್ತಾಳೆ, ಮಗ ಯಾವ ರೈಲು ಹತ್ತಿದನೆಂಬುದೂ ಆಕೆಗೆ ತಿಳಿದಿರುವುದಿಲ್ಲ. ಅಂಥ ಕಡೆ ಗೊತ್ತಿರುವವನು ತೋಟದ ರೈಟರ್. ಯಾವ ದಿನ ಲೆಕ್ಕ ಚುಕ್ತಾ ಮಾಡಿದ, ಎಷ್ಟು ಕೂಲಿ ಕೈಗೆ ಕೊಟ್ಟ, ಯಾರ ಯಾರ ಜೊತೆ ಮೈಸೂರಿನ ಬಸ್ಸು ಹತ್ತಿಸಿದ, ಊರಿಗೆ ಹೋಗುತ್ತೇನೆಂದು ಹೇಳಿದ್ದನೋ ಇಲ್ಲವೋ, ಇಷ್ಟೂ ಅವನ ಚೆಕ್‌ರೋಲಿನಲ್ಲೂ ನೆನಪಿನಲ್ಲೂ ಇರುತ್ತದೆ. ಆ ಪುಟದ ಒಂದು ಪ್ರತಿ ಮತ್ತು ರೈಟರನ ಒಂದು ಪ್ರಮಾಣಪತ್ರ ಬೆಂಗಳೂರಿನ ಪೀಠದ ಮುಂದೆ ಬಂದರೆ, ಆಮೇಲೆ ಬಾಯಿಬಿಡಬೇಕಾದದ್ದು ರೈಲ್ವೆ.